ಬೂತಾಯಿ ಒಂದು ವರ್ಷ ರಾಶಿ, ಒಂದು ವರ್ಷ ಮಾಯ: ಯಾಕೆ? ಟಿನ್ನಲ್ಲಿ ಬರೋದೂ ಇದೇ ಮೀನಾ?

ಹಾನುಬಾಳು ಹರಿ · ಭಾನುವಾರ ಬೆಳಿಗ್ಗೆ 9:40
ಮೀನಿನ ವಿಷ್ಯ ಸರಿಯಾಗಿ ಗೊತ್ತಿರೋರು ಯಾರಾದ್ರೂ ಇದ್ರೆ ಹೇಳಿ. ಶಿರಾಡಿ ಹತ್ತಿ ನಮ್ಮೂರಿಗೆ ಬರೋ ಮೀನಿನ ಗಾಡಿಲಿ ನಮ್ಮಂಥೋರ ಕೈಗೆ ಎಟುಕೋದು ಬೂತಾಯಿ ಒಂದೇ. ಅಂಜಲ್ ಕಡೆ ತಿರುಗಿ ನೋಡೋ ಹಾಗೂ ಇಲ್ಲ. ಆದ್ರೆ ಈ ಬೂತಾಯಿನೂ ಒಂದು ವರ್ಷ "ನೂರಕ್ಕೆ ಎರಡು ಕೆಜಿ" ಅಂತ ಕೂಗಿ ಕೂಗಿ ಕೊಡ್ತಾರೆ, ಇನ್ನೊಂದು ವರ್ಷ ಕೆಜಿಗೆ ಮುನ್ನೂರು ಅಂದ್ರೂ ಸಿಗಲ್ಲ. ಸಿಕ್ಕಿದ್ರೂ ಬೆರಳುದ್ದ. ಗಾಡಿಯವನನ್ನ ಕೇಳಿದ್ರೆ "ಕಡಲಲ್ಲೇ ಇಲ್ಲ ಅಣ್ಣ" ಅಂತಾನೆ. ಅಷ್ಟು ದೊಡ್ಡ ಕಡಲಲ್ಲಿ ಇಲ್ದೆ ಎಲ್ಲಿಗ್ ಹೋಗುತ್ತೆ?

ಇನ್ನೊಂದು ಡೌಟು. ಮಗ ಬೆಂಗಳೂರಿಂದ ಒಂದು ಟಿನ್ ತಂದಿದ್ದ. ಸಾರ್ಡೀನ್ ಅಂತ ಬರೆದಿತ್ತು, ಮೊರಾಕೊ ದೇಶದ್ದಂತೆ. ಬೂತಾಯಿಗೂ ಇಂಗ್ಲಿಷ್‌ನಲ್ಲಿ ಸಾರ್ಡೀನ್ ಅಂತಾನೇ ಅಂತಾರಲ್ಲ, ಎರಡೂ ಒಂದೇನಾ?

ಮೂಡಿಗೆರೆ ಮಂಜ · 9:52
ಎಲ್ಲಾ ಹಿಂಡಿಗೆ ಹಿಂಡನ್ನೇ ಬಲೆಲಿ ಸುತ್ತಿ ಎತ್ತೋ ಪರ್ಸೀನ್ ಬೋಟ್‌ನೋರ ಕೆಲಸ ಕಣಣ್ಣ. ಮರಿ ಇಲ್ಲ, ಬಸುರಿ ಇಲ್ಲ, ಕಂಡಿದ್ದೆಲ್ಲ ಬಾಚ್ತಾರೆ. ಇದ್ರಲ್ಲಿ ಕೇಳೋದೇನಿದೆ.

ಬಂದರ್ ಬಾಬು · 10:15
ಇಷ್ಟು ಬೇಗ ತೀರ್ಪು ಕೊಡಬೇಡಿ ಮಾರಾಯ್ರೆ. ನಾನು ಮಂಗಳೂರಿನವ, ಹೊಟ್ಟೆಪಾಡಿಗೆ ಹಾಸನದಲ್ಲಿ ಇರುವುದು. ನಮ್ಮ ಅಜ್ಜ ರಂಪಣಿ ಎಳೆದವರು. ದೋಣಿಯಲ್ಲಿ ಹೋಗಿ ಬಲೆ ಸುತ್ತು ಹಾಕಿ, ಎರಡೂ ತುದಿ ದಡಕ್ಕೆ ತಂದು ಊರಿಗೆ ಊರೇ ನಿಂತು ಎಳೆಯುವುದು ಅದು. ಪರ್ಸೀನ್ ನಮ್ಮಲ್ಲಿಗೆ ಬಂದದ್ದು 1970ರ ದಶಕದ ಮಧ್ಯದಲ್ಲಿ. ಬಂದ ಮೇಲೆ ರಂಪಣಿ ಮೂಲೆಗೆ ಬಿತ್ತು, ದೊಡ್ಡ ಜಗಳವೇ ಆಯಿತು, ಅದೆಲ್ಲ ನಿಜ.

ಆದರೆ ಬೂತಾಯಿ ಮಾಯ ಆಗುವುದು ಪರ್ಸೀನ್‌ಗಿಂತ ಹಳೇ ಕಥೆ. 1940ರ ದಶಕದಲ್ಲಿ ಒಮ್ಮೆ ಹೀಗೇ ಕೈಕೊಟ್ಟಾಗ, 1943ರಲ್ಲಿ ಮದರಾಸು ಸರ್ಕಾರ ಮರಿಮೀನು ಹಿಡಿಯುವುದಕ್ಕೆ ಕಡಿವಾಣ ಹಾಕಿತ್ತು. ಆಗ ದಕ್ಷಿಣ ಕನ್ನಡ ಮದರಾಸಿನ ಕೆಳಗೇ ಇದ್ದದ್ದು. ಇಂಜಿನ್ ಬೋಟು ಅಂದರೆ ಏನಂತ ನಮ್ಮವರಿಗೆ ಗೊತ್ತಿರಲಿಲ್ಲ ಆ ಕಾಲಕ್ಕೆ.

ಮೂಡಿಗೆರೆ ಮಂಜ · 10:21
ಸರಿ, ಬೋಟ್ ಇರ್ಲಿಲ್ಲ. ಹಾಗಾದ್ರೆ ಯಾಕೆ ಕಮ್ಮಿ ಆಯ್ತು? ಅದನ್ ಹೇಳಿ.

ಬಂದರ್ ಬಾಬು · 10:24
ಅದನ್ನೇ ಹುಡುಕಿಕೊಂಡು ವಿಜ್ಞಾನಿಗಳು ನೂರು ವರ್ಷದಿಂದ ಕೂತಿದ್ದಾರೆ. ಮೀನ್ ಮೇಡಂ ಇದ್ದಾರಲ್ಲ ಈ ಗುಂಪಿನಲ್ಲಿ, ಅವರು ಬರಲಿ.

ಶಾಕಾಹಾರಿ ಶ್ಯಾಮ · 10:30
ಭಾನುವಾರ ಬೆಳಿಗ್ಗೆ ಕಾಫಿ ಕುಡೀತಾ ಮೊಬೈಲ್ ತೆಗೆದ್ರೆ ಮೀನು. ಮುಂದುವರಿಸಿ, ನಾನು ಓದ್ತೀನಿ ಅಷ್ಟೇ.

ಮೀನ್ ಮೇಡಂ · 11:34
ಬಂದೆ. ಓದಿದ್ದು ಮಂಗಳೂರಿನ ಮೀನುಗಾರಿಕೆ ಕಾಲೇಜಲ್ಲಿ, ಈಗ ದಿನಾ ನೋಡೋದು ಹಾಸನದ ಕೆರೆಗಳ ಕಟ್ಲಾ ರೋಹು. ಆದ್ರೂ ಬೂತಾಯಿ ಮೇಲೆ ಪ್ರೀತಿ ಹೋಗಿಲ್ಲ.

ನಮ್ಮ ಬೂತಾಯಿ ಸಾರ್ಡಿನೆಲ್ಲಾ ಲಾಂಗಿಸೆಪ್ಸ್ ಅನ್ನೋ ಜಾತಿ. ಕೇರಳದೋರ ಮತ್ತಿ, ಕಾರವಾರದ ಕಡೆಯೋರ ತಾರ್ಲೆ, ಎಲ್ಲಾ ಇದೇ. ಏಡನ್ ಕೊಲ್ಲಿ, ಒಮಾನ್ ಕಡೆಯಿಂದ ಹಿಡಿದು ನಮ್ಮ ಪಶ್ಚಿಮ ಕರಾವಳಿ ಉದ್ದಕ್ಕೂ ಇದೆ. ಹಿಂದೆ ರತ್ನಗಿರಿಯಿಂದ ಕೊಲ್ಲಂ ನಡುವೆ ಬಿಟ್ರೆ ಬೇರೆ ಕಡೆ ಲೆಕ್ಕಕ್ಕೆ ಬರೋಷ್ಟು ಸಿಗ್ತಿರ್ಲಿಲ್ಲ. 1980ರ ದಶಕದಿಂದ ಈಚೆಗೆ ತಮಿಳುನಾಡು, ಆಂಧ್ರದ ಬಲೆಗೂ ಚೆನ್ನಾಗಿ ಬೀಳ್ತಿದೆ.

ಈಗ ಹರಿಯಣ್ಣನ ಪ್ರಶ್ನೆ. ಬೂತಾಯಿ ಆಯಸ್ಸು ಎರಡೂವರೆ ವರ್ಷ ಅಂದ್ರೆ ಹೆಚ್ಚು. ವರ್ಷ ತುಂಬೋ ಹೊತ್ತಿಗೆ 15 ಸೆಂಟಿಮೀಟರ್ ಆಗಿ ಮೊಟ್ಟೆ ಇಡೋಕೆ ತಯಾರು. ಜೂನ್‌ನಿಂದ ಸೆಪ್ಟೆಂಬರ್ ತನಕ, ಅಂದ್ರೆ ಸರಿಯಾಗಿ ನಮ್ಮ ಮಳೆಗಾಲದಲ್ಲಿ, ಒಂದೊಂದು ಹೆಣ್ಣು ಹತ್ತಾರು ಸಾವಿರ ಮೊಟ್ಟೆ ಬಿಡುತ್ತೆ. ಗೂಡಿಲ್ಲ, ಕಾವಲಿಲ್ಲ. ಮೊಟ್ಟೆ ನೀರಲ್ಲಿ ತೇಲ್ತಾ ಇದ್ದು ಒಂದು ದಿನದ ಆಸುಪಾಸಿನಲ್ಲೇ ಒಡೆಯುತ್ತೆ. ಹೊರಗೆ ಬಂದ ಮರಿ ಕೂದಲೆಳೆಯಷ್ಟು. ಹೊಟ್ಟೆ ಕೆಳಗಿನ ಹಳದಿ ಮುಗಿಯೋದ್ರೊಳಗೆ ಅದ್ರ ಬಾಯಿಗೆ ಹಿಡಿಸೋ ಗಾತ್ರದ ಆಹಾರ ಎದುರಿಗೆ ಇರ್ಬೇಕು. ಇಲ್ದಿದ್ರೆ ಸಾವಿರಕ್ಕೆ ಸಾವಿರವೂ ಸತ್ವು.

ಆ ಆಹಾರ ಎಲ್ಲಿಂದ? ಮುಂಗಾರು ಗಾಳಿ ಕಡಲ ಮೇಲ್ಭಾಗದ ನೀರನ್ನ ದಡದಿಂದ ಆಚೆ ತಳ್ಳುತ್ತೆ. ಖಾಲಿಯಾದ ಜಾಗಕ್ಕೆ ಕೆಳಗಿನ ತಣ್ಣನೆ ನೀರು ಏರಿ ಬರುತ್ತೆ, ತಳದಲ್ಲಿ ಕೊಳೆತು ಸೇರಿದ್ದ ನೈಟ್ರೇಟು, ಫಾಸ್ಫೇಟು, ಸಿಲಿಕೇಟು ಎಲ್ಲಾ ಹೊತ್ಕೊಂಡು. ಬಿಸಿಲು ಸಿಕ್ಕಿದ ಕೂಡ್ಲೇ ಡಯಾಟಮ್ ಅನ್ನೋ ಕಣ್ಣಿಗೆ ಕಾಣದ ಪಾಚಿ ಉಕ್ಕುತ್ತೆ. ಫ್ರಾಜಿಲೇರಿಯಾ ಓಷಿಯಾನಿಕಾ ಅಂತ ಒಂದು ಡಯಾಟಮ್ ಜಾಸ್ತಿ ಆದ ವರ್ಷ ಬೂತಾಯಿನೂ ಜಾಸ್ತಿ ಅಂತ ನಮ್ಮ ಕಡಲ ವಿಜ್ಞಾನಿಗಳು 1950ರ ದಶಕದಲ್ಲೇ ಬರೆದಿದ್ದಾರೆ.

ಗಾಳಿ ತಡವಾಯ್ತು, ನೀರು ಬಿಸಿಯಾಯ್ತು, ತಣ್ಣೀರು ಏರೋ ಹೊತ್ತಿಗೂ ಮರಿ ಒಡೆಯೋ ಹೊತ್ತಿಗೂ ತಾಳ ತಪ್ಪಿತು ಅಂದ್ರೆ ಆ ವರ್ಷದ ಪೈರು ಹೋಯ್ತು. ಆಯಸ್ಸು ಕಮ್ಮಿ ಆದ್ರಿಂದ ಕಡಲಲ್ಲಿ ಯಾವತ್ತೂ ಇರೋದು ಎರಡು ಮೂರು ವರ್ಷದ ಮೀನು ಮಾತ್ರ. ಹಳೇ ದಾಸ್ತಾನು ಅಂತ ಏನೂ ಇಲ್ಲ. ಎರಡು ಮಳೆಗಾಲ ಸತತವಾಗಿ ಕೆಟ್ರೆ ನಿಮ್ಮೂರ ಗಾಡಿ ಖಾಲಿ. "ಎಲ್ಲಿಗ್ ಹೋಗುತ್ತೆ" ಅಂದ್ರಲ್ಲ, ಎಷ್ಟೋ ಸಲ ಎಲ್ಲಿಗೂ ಹೋಗಿರಲ್ಲ, ಹುಟ್ಟಿ ಬದುಕಿರೋದೇ ಇಲ್ಲ.

ಹಾನುಬಾಳು ಹರಿ · 11:50
ಮೇಡಂ ಥ್ಯಾಂಕ್ಸ್. ಅಂದ್ರೆ ಮಳೆ ಚೆನ್ನಾಗಾದ್ರೆ ಮೀನೂ ಚೆನ್ನಾಗಾಗುತ್ತೆ ಅಂತ ಲೆಕ್ಕ?

ಕಾಫಿ ಕಣಜ · 11:58
ಹಾಗಾದ್ರೆ ಕ್ರೆಡಿಟ್ ನಮಗೂ ಬರ್ಬೇಕು. ತೋಟಕ್ಕೆ ಹಾಕಿದ ಯೂರಿಯಾ ಅರ್ಧ ಜುಲೈ ಮಳೆಗೆ ತೊಳೆದು ಹೋಗುತ್ತೆ. ಅದೇ ಕಡಲಿಗೆ ಸೇರಿ ಪಾಚಿ ಬೆಳೆದು ಬೂತಾಯಿ ದಪ್ಪ ಆಗೋದು. ಬೆಲೆಲಿ ನಮಗೆ ಡಿಸ್ಕೌಂಟ್ ಕೊಡ್ಲಿ 😀

ಬಿಸಿಲೆ ಬೈಕರ್ · 12:06
ಗುರು ನಿಮ್ಮ ತೋಟ ಬೇಲೂರು ಕಡೆ ಅಲ್ವಾ? ನಿಮ್ಮ ಯೂರಿಯಾ ಯಗಚಿಗೆ, ಯಗಚಿ ಹೇಮಾವತಿಗೆ, ಹೇಮಾವತಿ ಕಾವೇರಿಗೆ. ಸೇರೋದು ಬಂಗಾಳ ಕೊಲ್ಲಿ. ಮಂಗಳೂರಿನ ಬೂತಾಯಿಗೆ ನಿಮ್ಮ ಋಣ ಇಲ್ಲ. ಬಿಸಿಲೆ ರಸ್ತೆಲಿ ಗುರುತು ಕಲ್ಲಿದೆ ನೋಡಿ, ಈ ಕಡೆ ಬಿದ್ದ ಮಳೆ ಪೂರ್ವಕ್ಕೆ, ಆ ಕಡೆ ಬಿದ್ದದ್ದು ಅರಬ್ಬಿ ಸಮುದ್ರಕ್ಕೆ.

ಕಾಫಿ ಕಣಜ · 12:09
ನೇತ್ರಾವತಿ ಹುಟ್ಟೋದು ನಮ್ಮ ಚಿಕ್ಕಮಗಳೂರು ಜಿಲ್ಲೆಲೇ ಸ್ವಾಮಿ. ಜಿಲ್ಲೆ ಪರವಾಗಿ ಹೇಳಿದ್ದು.

ಮೀನ್ ಮೇಡಂ · 12:20
ಹೊಳೆ ನೀರು ದಡದ ಹತ್ತಿರ ಒಂದಿಷ್ಟು ಪೋಷಕಾಂಶ ಹಾಕೋದು ಹೌದು. ಆದ್ರೆ ಬೂತಾಯಿ ಹೊಟ್ಟೆ ತುಂಬಿಸೋದು ಮುಖ್ಯವಾಗಿ ತಳದಿಂದ ಏರೋ ನೀರು, ಯೂರಿಯಾ ಅಲ್ಲ.

ಹರಿಯಣ್ಣ, ಮಳೆ ಜಾಸ್ತಿ ಆದ್ರೆ ಮೀನು ಜಾಸ್ತಿ ಅಂತ ನೇರ ಲೆಕ್ಕ ಹಾಕೋಕಾಗಲ್ಲ. ಎಲ್ಲಾ ಮರಿಗಳೂ ಬದುಕಿಬಿಟ್ರೂ ಕಷ್ಟವೇ. ಹಿಂಡು ದೊಡ್ಡದಾಗಿ ಊಟ ಸಾಲದೆ ಎಲ್ಲಾ ಕುಳ್ಳಗೇ ಉಳ್ಕೊಳ್ತವೆ. ನೀವು ಹೇಳಿದ ಬೆರಳುದ್ದದ ಮೀನಿಗೆ ಅದೂ ಒಂದು ಕಾರಣ ಇರಬಹುದು.

ಬಾಳೆಹೊನ್ನೂರು ಅಜ್ಜ · 12:41
ತೋಟದಿಂದ ಕಡಲಿಗೆ ಗೊಬ್ಬರ ಹೋಗೋದು ಆಮೇಲಿನ ಮಾತು. ಕಡಲಿಂದ ತೋಟಕ್ಕೆ ಬರ್ತಿದ್ದದ್ದು ನಾನು ಕಂಡಿದೀನಿ. ನಮ್ಮ ಅಪ್ಪನ ಕಾಲದಲ್ಲಿ ಮಂಗಳೂರಿಂದ ಮೀನಿನ ಗೊಬ್ಬರ ಗೋಣಿಚೀಲದಲ್ಲಿ ಬರೋದು. ಒಣಗಿದ ಬೂತಾಯಿ ಪುಡಿ. ಗಿಡದ ಬುಡಕ್ಕೆ ಹಾಕಿ ಮಣ್ಣು ಮುಚ್ಚದೆ ಬಿಟ್ರೆ ರಾತ್ರಿಯೆಲ್ಲ ನರಿ, ಕಾಡುಹಂದಿ ಬಂದು ಬುಡ ಕೆದಕಿ ಹಾಕ್ತಿದ್ವು. ಆ ವಾಸನೆಗೆ ಆಳುಗಳು ಮೂಗಿಗೆ ಬಟ್ಟೆ ಕಟ್ಕೊಂಡು ಕೆಲಸ ಮಾಡೋರು. ಗಿಡ ಮಾತ್ರ ಕಪ್ಪಗೆ ಹಸಿರಾಗಿ ನಿಲ್ಲೋದು.

ಬಂದರ್ ಬಾಬು · 12:55
ಅಜ್ಜ ಹೇಳಿದ್ದು ಸರಿ ಉಂಟು. ಹಿಂದೆ ಬೂತಾಯಿ ರಾಶಿ ಬಿದ್ದಾಗ ತಿನ್ನುವವರೇ ಇಲ್ಲದೆ ದಡದ ಮರಳಲ್ಲಿ ಒಣಗಿಸಿ ಗೊಬ್ಬರಕ್ಕೆ ಮಾರುತ್ತಿದ್ದರು. ಇಪ್ಪತ್ತನೇ ಶತಮಾನದ ಮೊದಲ ದಶಕದಲ್ಲಿ ಮದರಾಸು ಸರ್ಕಾರದ ಮೀನುಗಾರಿಕೆ ನೋಡಿಕೊಳ್ಳುತ್ತಿದ್ದ ಫ್ರೆಡರಿಕ್ ನಿಕಲ್ಸನ್ ಮಲಬಾರಿನ ತಾನೂರಿನಲ್ಲಿ ಪ್ರಯೋಗ ಮಾಡಿಸಿದ. ಮೀನು ಬೇಯಿಸಿ ಹಿಂಡಿ, ಎಣ್ಣೆ ಬೇರೆ, ಹಿಂಡಿ ಬೇರೆ. ಎಣ್ಣೆ ದೋಣಿ ಮರಕ್ಕೆ ಹಚ್ಚುವುದಕ್ಕೂ ಆಗುತ್ತಿತ್ತು. ಮಳೆಗಾಲ ಮುಗಿದ ಮೇಲೆ ಸಿಗುವ ಬೂತಾಯಿ ನೋಡಿ, ಒಲೆ ಮೇಲೆ ಇಟ್ಟರೆ ಅದರದ್ದೇ ಎಣ್ಣೆಯಲ್ಲಿ ಅದು ಹುರಿಯುತ್ತದೆ.

ಮೂಡಿಗೆರೆ ಮಂಜ · 1:03
ಈಗ್ಲೂ ಅದೇ ನಡೀತಿರೋದು, ಹೆಸರು ಮಾತ್ರ ಫಿಶ್‌ಮಿಲ್. ತಿನ್ನೋ ಮೀನನ್ನ ಪುಡಿ ಮಾಡಿ ಸಿಗಡಿ ಹೊಂಡಕ್ಕೂ ಕೋಳಿ ಫಾರಂಗೂ ಹಾಕೋದು. ಮರಿಮೀನು ಹಿಡಿದ್ರೂ ತಗೊಳ್ಳೋಕೆ ಮಿಲ್ ಇದೆ ಅಂತ ಗೊತ್ತಿದ್ರೆ ಯಾವ ಬೋಟಿನವನು ಬಿಡ್ತಾನೆ? ಮೇಡಂ, ಗಾಳಿ ನೀರು ಅಂತ ಪಾಠ ಚೆನ್ನಾಗಿತ್ತು. ಆದ್ರೆ ತಪ್ಪು ಮಾಡೋರಿಗೆ ಅದೇ ನೆಪ ಆಗುತ್ತೆ.

ಮೀನ್ ಮೇಡಂ · 1:30
ಮಂಜಣ್ಣ, ಮಿಲ್ ವಿಷಯದಲ್ಲಿ ನಾನೂ ನಿಮ್ಮ ಕಡೆ. ಕೇರಳದಲ್ಲಿ 10 ಸೆಂಟಿಮೀಟರ್‌ಗಿಂತ ಸಣ್ಣ ಮತ್ತಿ ಹಿಡಿಯೋ ಹಾಗಿಲ್ಲ ಅಂತ ಕಾನೂನೇ ಇದೆ, ಇಂಥದ್ದಕ್ಕೇ.

ಆದ್ರೆ ಅಂಕಿ ನೋಡಿ. ಕೊಚ್ಚಿಯ ಕೇಂದ್ರ ಕಡಲ ಮೀನುಗಾರಿಕೆ ಸಂಶೋಧನಾ ಸಂಸ್ಥೆ ಲೆಕ್ಕದ ಪ್ರಕಾರ ಕೇರಳದಲ್ಲಿ 2012ರಲ್ಲಿ ಸಿಕ್ಕ ಮತ್ತಿ ಹತ್ತಿರ ಹತ್ತಿರ 4 ಲಕ್ಷ ಟನ್. 2021ರಲ್ಲಿ 3,297 ಟನ್. ಲಕ್ಷ ಅಲ್ಲ, ಬರೀ ಸಾವಿರ. 2023ರಲ್ಲಿ ಮತ್ತೆ 1.38 ಲಕ್ಷ ಟನ್. ಈ ನಡುವೆ ಬೋಟುಗಳೇನು ದಡಕ್ಕೆ ಕಟ್ಟಿ ಹಾಕಿರ್ಲಿಲ್ಲ. ಬರೀ ಬೋಟಿನಿಂದ್ಲೇ ಬಿದ್ದಿದ್ರೆ ಎರಡು ವರ್ಷದಲ್ಲಿ ನಲವತ್ತು ಪಟ್ಟು ಎದ್ದು ನಿಲ್ತಿತ್ತಾ? 2015ರ ಎಲ್ ನಿನೋ (ಪೆಸಿಫಿಕ್ ಕಡಲು ಕಾದು ಹವಾಮಾನ ಏರುಪೇರಾಗೋದು) ಹೊತ್ತಿಗೆ ಕಡಲು ಕಾದದ್ದು ಆ ಇಳಿತಕ್ಕೆ ದೊಡ್ಡ ಕಾರಣ ಅಂತ ಅದೇ ಸಂಸ್ಥೆ ಹೇಳಿತ್ತು.

ಮೂಡಿಗೆರೆ ಮಂಜ · 1:34
ಊಟ ಮಾಡಿ ಬಂದು ಉತ್ತರ ಕೊಡ್ತೀನಿ. ಮನೇಲಿ ಇವತ್ತು ಬೂತಾಯಿನೇ.

ಶಾಕಾಹಾರಿ ಶ್ಯಾಮ · 1:36
ವಾದ ಮಾಡ್ತಾನೇ ಸಾಕ್ಷಿ ತಿಂದುಬಿಟ್ರಲ್ಲ.

ಮಸ್ಕತ್ ಮಹೇಶ · 2:10
ಊರು ಅರಸೀಕೆರೆ, ಇರೋದು ಒಮಾನ್. ಇಲ್ಲೂ ಇದೇ ಮೀನು, ಊಮಾ ಅಂತಾರೆ. ದೋಫಾರ್ ಕಡೆ ಕಡಲ ದಂಡೆಲಿ ಬೂತಾಯಿ ಹಾಸು ಹಾಸಾಗಿ ಒಣಗಿಸಿರ್ತಾರೆ. ಯಾರಿಗೆ ಅಂತ ಕೇಳಿದ್ರೆ ಒಂಟೆಗೆ, ದನಕ್ಕೆ! ಮೇವಿಲ್ಲದ ಕಾಲದಲ್ಲಿ ಒಣಮೀನೇ ಮೇವು. ನಾನು ಮೊದಲ ಸಲ ನೋಡಿದಾಗ ನಂಬಲಿಲ್ಲ, ಹಸು ಕರಕರ ಅಂತ ಅಗೀತಿತ್ತು.

ಊರಲ್ಲಿ ಮೀನಿಲ್ಲದ ಕಾಲದಲ್ಲಿ ಇಲ್ಲಿಂದ ಐಸ್ ಹಾಕಿ ಕೇರಳಕ್ಕೂ ಮಂಗಳೂರಿಗೂ ಬರುತ್ತೆ. ನೀವು ಸಕಲೇಶಪುರದಲ್ಲಿ ತಿಂದದ್ದು ನಮ್ಮ ಕಡೆದೇ ಇರಬಹುದು ಹರಿ.

ಆಲೂರು ಅಕ್ಕ · 2:18
ಅದಕ್ಕೇ ರುಚಿ ಇಲ್ಲ! ಒಮಾನ್ ಮೀನು ದೊಡ್ಡದಾಗಿರುತ್ತೆ, ಸಾರಿಗೆ ಹಾಕಿದ್ರೆ ಹತ್ತಿ ಥರ. ನಮ್ಮ ಬೂತಾಯಿ ಸಾರು ಮಾರನೇ ದಿನ ಅಕ್ಕಿರೊಟ್ಟಿ ಜೊತೆ ತಿನ್ನಬೇಕು. ಅದೂ ವಾಟೆಹುಳಿ ಹಾಕಿ ಮಾಡಿದ್ದು.

ಬಂದರ್ ಬಾಬು · 2:22
ವಾಟೆಹುಳಿಯಾ? ಬೂತಾಯಿಗೆ ಹುಣಸೆಹುಳಿ, ಬ್ಯಾಡಗಿ ಮೆಣಸು, ಪುಳಿಮುಂಚಿ. ಬೇರೆ ಏನು ಹಾಕಿದರೂ ಅದು ಬೂತಾಯಿಗೆ ಮಾಡುವ ಅವಮಾನ.

ಆಲೂರು ಅಕ್ಕ · 2:25
ಹಾಸನದಲ್ಲಿ ಇದ್ಕೊಂಡು ಹಾಸನದ ಅಡಿಗೆ ಬೈಬೇಡಿ ಬಾಬಣ್ಣ. ಗೊಜ್ಜು ಗಟ್ಟಿ ಆಗ್ಬಾರ್ದು, ಹುಳಿ ಮೂಗಿಗೆ ಹೊಡೀಬಾರ್ದು, ಅದಕ್ಕೆ ವಾಟೆಹುಳಿನೇ ಸರಿ.

ನಿರ್ವಾಹಕ · 2:40
ಅಡಿಗೆ ಜಗಳಕ್ಕೆ ಬೇರೆ ಚರ್ಚೆ ತೆಗೆಯಿರಿ. ಇಲ್ಲಿ ಮೀನು ಮಾತ್ರ.

ಮೀನ್ ಮೇಡಂ · 3:05
ಒಮಾನ್ ಮೀನು ಬೇರೆ ಅನ್ನೋದು ಬರೀ ನಾಲಿಗೆ ಮಾತಲ್ಲ. ಜಾತಿ ಒಂದೇ ಆದ್ರೂ ಅಲ್ಲಿನ ಹಿಂಡಿಗೂ ನಮ್ಮ ಹಿಂಡಿಗೂ ತಳಿಯಲ್ಲಿ ವ್ಯತ್ಯಾಸ ಇದೆ ಅಂತ ಡಿಎನ್ಎ ಪರೀಕ್ಷೆಲಿ ಕಂಡಿದೆ. 2023ರಲ್ಲಿ ಕೊಚ್ಚಿಯವರು ಬೂತಾಯಿಯ ಪೂರ್ತಿ ಜೀನೋಮ್ ಓದಿ ಮುಗಿಸಿದ್ರು, ಪ್ರೋಟೀನ್ ತಯಾರಿಸೋ ಜೀನುಗಳೇ 46,316. ಹಾಗಾಗಿ ಮುಂದೆ ಯಾವ ಹಿಂಡಿನ ಮೀನು ಅಂತ ಪತ್ತೆ ಹಚ್ಚೋದು ಸುಲಭ ಆಗುತ್ತೆ.

ಇನ್ನು ಟಿನ್. ಮೊರಾಕೊ ಟಿನ್‌ನಲ್ಲಿ ಇರೋದು ಸಾರ್ಡಿನಾ ಪಿಲ್ಚಾರ್ಡಸ್, ಬೂತಾಯಿಗೆ ದಾಯಾದಿ ಅಷ್ಟೇ. ಯುರೋಪಿನ ಉತ್ತರ ಸಮುದ್ರದಿಂದ ಮೆಡಿಟರೇನಿಯನ್, ಕೆಳಗೆ ಸೆನೆಗಲ್ ತನಕ ಸಿಗುತ್ತೆ. ಮೂರನೇ ಬಳಗ ಸಾರ್ಡಿನಾಪ್ಸ್. ಕ್ಯಾಲಿಫೋರ್ನಿಯಾ, ಪೆರು, ಚಿಲಿ, ಜಪಾನ್, ಆಸ್ಟ್ರೇಲಿಯಾ, ದಕ್ಷಿಣ ಆಫ್ರಿಕಾ, ಹೀಗೆ ತಣ್ಣೀರಿನ ಕಡೆಯದು. ನಮ್ಮ ಸಾರ್ಡಿನೆಲ್ಲಾ ಬಳಗ ಬಿಸಿನೀರಿನ ಕಡಲಿಂದು.

ಭೂಪಟ ತೆಗೆದು ನೋಡಿದ್ರೆ ಒಂದು ಮಜಾ ಗೊತ್ತಾಗುತ್ತೆ. ಕ್ಯಾಲಿಫೋರ್ನಿಯಾ, ಪೆರು, ಮೊರಾಕೊ, ನಮೀಬಿಯಾ, ನಾಲ್ಕೂ ಖಂಡಗಳ ಪಶ್ಚಿಮ ದಂಡೆ. ಅಲ್ಲಿ ಕರಾವಳಿ ಉದ್ದಕ್ಕೂ ಬೀಸೋ ಗಾಳಿಗೆ ತಳದ ತಣ್ಣೀರು ಮೇಲೇಳುತ್ತೆ, ಅಲ್ಲೇ ಸಾರ್ಡೀನ್ ಹಿಂಡು. ನಮ್ಮದೂ ಪಶ್ಚಿಮ ಕರಾವಳಿನೇ, ಆದ್ರೆ ನಮ್ಮಲ್ಲಿ ಆ ಗಾಳಿ ಮುಂಗಾರಿನ ನಾಲ್ಕು ತಿಂಗಳು ಮಾತ್ರ. ಕಡಲ ನಡುಮಧ್ಯೆ ಎಷ್ಟು ನೀಲಿ ನೀರಿದ್ರೂ ಸಾರ್ಡೀನ್ ಇರಲ್ಲ, ಅಲ್ಲಿ ಅದಕ್ಕೆ ಊಟ ಇಲ್ಲ.

ವಕೀಲ್ ಸಾಬ್ ಚಿಕ್ಕಮಗಳೂರು · 3:22
ಟಿನ್ ಮೇಲೆ ಏನು ಬರೀಬೇಕು ಅನ್ನೋದು ವಿಶ್ವ ವ್ಯಾಪಾರ ಸಂಘಟನೆ ತನಕ ಹೋಗಿದೆ ಗೊತ್ತಾ? ಸಾರ್ಡಿನಾ ಪಿಲ್ಚಾರ್ಡಸ್ ಬಿಟ್ಟು ಬೇರೆ ಯಾವುದಕ್ಕೂ ಸಾರ್ಡೀನ್ ಅಂತ ಹೆಸರು ಹಾಕೋ ಹಾಗಿಲ್ಲ ಅಂತ ಯುರೋಪಿನವರು ನಿಯಮ ಮಾಡಿದ್ರು. ಪೆರು ದೇಶ ತನ್ನ ಸಾರ್ಡಿನಾಪ್ಸ್ ಮಾರೋಕಾಗದೆ ದೂರು ಕೊಡ್ತು. 2002ರಲ್ಲಿ ಪೆರು ಗೆಲ್ತು. ಅಂತರರಾಷ್ಟ್ರೀಯ ಆಹಾರ ಮಾನದಂಡದಲ್ಲಿ ಆ ಜಾತಿಗೂ ಜಾಗ ಇತ್ತು, ದೇಶದ ಹೆಸರೋ ಜಾತಿ ಹೆಸರೋ ಜೊತೆಗೆ ಹಾಕಿದ್ರೆ ಸಾಕು ಅಂತ. ಹರಿಯವರ ಟಿನ್ ಅಸಲಿ ಮಾಲೇ, ಕೇಸ್ ಹಾಕೋ ಅವಕಾಶ ಇಲ್ಲ.

ಮೂಡಿಗೆರೆ ಮಂಜ · 3:48
ಊಟ ಆಯ್ತು, ಬಂದೆ. ಮೇಡಂ, ಕ್ಯಾಲಿಫೋರ್ನಿಯಾ ಹೆಸರು ನೀವೇ ತಗೊಂಡ್ರಿ. ಅಲ್ಲಿ ಮಾಂಟೆರೇ ಅನ್ನೋ ಊರಲ್ಲಿ ಬೀದಿ ತುಂಬ ಸಾರ್ಡೀನ್ ಡಬ್ಬಿ ಕಾರ್ಖಾನೆ ಇದ್ವಂತೆ. 1930ರ ದಶಕದಲ್ಲಿ ವರ್ಷಕ್ಕೆ 7 ಲಕ್ಷ ಟನ್ ಹಿಡಿದ್ರು, ಇಪ್ಪತ್ತು ವರ್ಷದೊಳಗೆ ಮೀನೂ ಇಲ್ಲ, ಕಾರ್ಖಾನೆನೂ ಇಲ್ಲ. ಇದು ಬಾಚಿದ್ದಕ್ಕೆ ಆಗಿದ್ದಲ್ವಾ?

ಮೀನ್ ಮೇಡಂ · 4:20
ಬಾಚಿದ್ದೂ ಹೌದು. ಆದ್ರೆ ಪೂರ್ತಿ ಕಥೆ ಕೇಳಿ. ಅದೇ ಕ್ಯಾಲಿಫೋರ್ನಿಯಾದ ಸ್ಯಾಂಟಾ ಬಾರ್ಬರಾ ಹತ್ತಿರ ಕಡಲ ತಳದಲ್ಲಿ ಒಂದು ಗುಂಡಿ ಇದೆ. ಅಲ್ಲಿ ಆಮ್ಲಜನಕ ಇಲ್ಲದಿರೋದ್ರಿಂದ ಹುಳ ಹುಪ್ಪಟೆ ಕೆದಕಲ್ಲ, ವರ್ಷ ವರ್ಷದ ಕೆಸರು ಪದರ ಪದರವಾಗಿ ಹಾಗೇ ಕೂತಿದೆ. ಕೊಳವೆ ಇಳಿಸಿ ಆ ಕೆಸರು ಎತ್ತಿ, ಒಂದೊಂದು ಪದರದಲ್ಲಿ ಸಾರ್ಡೀನ್ ಹುರುಪೆ ಎಷ್ಟು, ಆಂಚೊವಿ ಅನ್ನೋ ಇನ್ನೊಂದು ಸಣ್ಣ ಮೀನಿನ ಹುರುಪೆ ಎಷ್ಟು ಅಂತ ಎಣಿಸಿದ್ರು. ಒಂದೂವರೆ ಸಾವಿರ ವರ್ಷಕ್ಕೂ ಹಿಂದಿನ ಲೆಕ್ಕ ಸಿಕ್ತು. ಬಲೆಯ ಸುಳಿವೂ ಇಲ್ಲದ ಕಾಲದಲ್ಲೂ ಸಾರ್ಡೀನ್ ಹೆಚ್ಚಿ, ಕುಸಿದು, ಮತ್ತೆ ಹೆಚ್ಚಿ, ಹೀಗೇ ನಡೆದಿದೆ. ಒಂದೊಂದು ಸುತ್ತು ಐವತ್ತು ಅರವತ್ತು ವರ್ಷ.

ಜಪಾನಿನಲ್ಲೂ ಹಾಗೇ. 1988ರಲ್ಲಿ 45 ಲಕ್ಷ ಟನ್ ತನಕ ಹೋದದ್ದು 1990ರ ದಶಕದಲ್ಲಿ ಪಾತಾಳಕ್ಕೆ ಬಿತ್ತು. ಒಂದೇ ಹೊತ್ತಿಗೆ ಜಪಾನ್, ಕ್ಯಾಲಿಫೋರ್ನಿಯಾ, ಪೆರು ಮೂರೂ ಕಡೆ ಏರಿಳಿತ ಕಂಡಿದೆ. ಹತ್ತು ಸಾವಿರ ಕಿಲೋಮೀಟರ್ ದೂರ ಇರೋ ಮೀನುಗಾರರು ಮಾತಾಡ್ಕೊಂಡು ಬಲೆ ಹಾಕಿರಲ್ಲ ಅಲ್ವಾ?

ಮೂಡಿಗೆರೆ ಮಂಜ · 4:38
ಒಪ್ತೀನಿ. ಈಗ ನಮೀಬಿಯಾ ಬಗ್ಗೆ ಹೇಳಿ. ನಾನೂ ಸ್ವಲ್ಪ ಓದಿ ಬಂದಿದೀನಿ. ಅಲ್ಲೂ 1960ರ ದಶಕದಲ್ಲಿ ಸಾರ್ಡೀನ್ ರಾಶಿ ರಾಶಿ. ಬಿಡದೆ ಹಿಡಿದ್ರು. 70ರ ದಶಕದಲ್ಲಿ ಕುಸೀತು. ನಿಮ್ಮ ಸುತ್ತಿನ ಲೆಕ್ಕದಲ್ಲಿ ಅದು ಎದ್ದು ಬರ್ಬೇಕಿತ್ತು. ಇವತ್ತಿಗೂ ಹಳೇ ಮಟ್ಟಕ್ಕೆ ಬಂದಿಲ್ಲ. ಮೀನಿದ್ದ ಜಾಗದಲ್ಲಿ ಲೋಳೆಮೀನು, ಗೋಬಿ ಅನ್ನೋ ಇನ್ನೊಂದು ಸಣ್ಣ ಮೀನು ತುಂಬ್ಕೊಂಡ್ವು. ಸಾರ್ಡೀನ್ ತಿಂದು ಬದುಕ್ತಿದ್ದ ಪೆಂಗ್ವಿನ್‌ಗಳು ಸೊರಗಿದ್ವು.

ನಾನ್ ಹೇಳೋದಿಷ್ಟೇ. ಕಡಲು ತಾನಾಗೇ ಕಮ್ಮಿ ಮಾಡೋ ವರ್ಷ ಇದೆಯಲ್ಲ, ಆ ವರ್ಷ ಉಳಿದ ನಾಲ್ಕು ಮೀನನ್ನೂ ಹಿಡಿದ್ರೆ ಮುಂದೆ ಕಡಲು ಕೊಡ್ತೀನಿ ಅಂದ್ರೂ ಬೀಜ ಇರಲ್ಲ.

ಮೀನ್ ಮೇಡಂ · 4:51
ಇದಕ್ಕೆ ನನ್ನ ಹತ್ರ ಎದುರು ಮಾತಿಲ್ಲ. ಇಷ್ಟೊತ್ತು ನೀವು ಇದನ್ನ ಹೇಳ್ಲಿಲ್ಲ, ಪರ್ಸೀನ್ ಪರ್ಸೀನ್ ಅಂತಿದ್ರಿ. ಕಮ್ಮಿ ಆಗೋ ವರ್ಷ ಯಾವುದು ಅಂತ ಮೊದಲೇ ಗುರುತಿಸಿ ಆ ವರ್ಷ ಬಲೆ ತಡೀಬೇಕು. ಅಮೆರಿಕದ ಪಶ್ಚಿಮ ಕರಾವಳಿಲಿ 2015ರಲ್ಲಿ ಹಾಗೇ ಸಾರ್ಡೀನ್ ಹಿಡಿಯೋದು ನಿಲ್ಲಿಸಿದ್ರು. ನಮ್ಮಲ್ಲಿ ಜೂನ್, ಜುಲೈ ಯಾಂತ್ರಿಕ ಬೋಟಿಗೆ ರಜೆ ಇದೆ. ಆದ್ರೆ ಅದು ಎಲ್ಲಾ ವರ್ಷಕ್ಕೂ ಒಂದೇ, ಆ ವರ್ಷದ ಮೀನು ನೋಡಿ ನಿರ್ಧಾರ ಮಾಡಿದ್ದಲ್ಲ.

ಬಂದರ್ ಬಾಬು · 5:02
ನಿಲ್ಲಿಸಿ ಅಂತ ಹೇಳುವುದು ಸುಲಭ ಮೇಡಂ. ಒಂದು ಪರ್ಸೀನ್ ಬೋಟಿನಲ್ಲಿ ಇಪ್ಪತ್ತು ಮೂವತ್ತು ಮನೆಯ ಅನ್ನ ಉಂಟು. ನಾಡದೋಣಿಯವರದ್ದು ಇನ್ನೂ ಕಷ್ಟ. ಕಾಫಿಗೆ ಬೆಲೆ ಬಿದ್ದರೆ ಪ್ಯಾಕೇಜು ಕೇಳುತ್ತೀರಿ, ಬೂತಾಯಿ ಇಲ್ಲದ ವರ್ಷಕ್ಕೆ ಯಾರು ಕೊಡುತ್ತಾರೆ?

ಕಾಫಿ ಕಣಜ · 5:05
ಕಾಫಿ ಪ್ಯಾಕೇಜು ನಮ್ಮ ಕೈಗೆ ಬಂದಿದ್ರೆ ತಾನೇ.

ಗೊರೂರು ಗಾಳ · 5:40
ನಂದೊಂದು ಪ್ರಶ್ನೆ, ನಗಬೇಡಿ. ಹೇಮಾವತಿ ಹಿನ್ನೀರಲ್ಲಿ ಬೂತಾಯಿ ಬಿಟ್ಟು ಬೆಳೆಸೋಕಾಗಲ್ವಾ? ಕಡಲನ್ನ ನಂಬ್ಕೊಂಡು ಕೂರೋದೇ ಬೇಡ.

ಮೂಡಿಗೆರೆ ಮಂಜ · 5:42
😂😂

ಮೀನ್ ಮೇಡಂ · 6:10
ಮಂಜಣ್ಣ ನಗಬೇಡಿ, ಪ್ರಶ್ನೆ ಒಳ್ಳೇದೇ. ಬೂತಾಯಿ ಉಪ್ಪುನೀರಿನ ಮೀನು, ಹೇಮಾವತಿಲಿ ಬದುಕಲ್ಲ. ಆದ್ರೆ ಸಿಹಿನೀರಿನ ಸಾರ್ಡೀನ್ ಇಲ್ಲ ಅಂತಲ್ಲ. ಫಿಲಿಪೀನ್ಸ್‌ನ ತಾಲ್ ಸರೋವರದಲ್ಲಿ ತಾವಿಲಿಸ್ ಅಂತ ಒಂದು ಜಾತಿ ಇದೆ, ನಮ್ಮ ಬೂತಾಯಿಯ ಸಾರ್ಡಿನೆಲ್ಲಾ ಬಳಗದ್ದೇ. ಆ ಸರೋವರ ಮೊದಲು ಕಡಲಿಗೆ ತೆರೆದಿತ್ತು. ಜ್ವಾಲಾಮುಖಿ ಸಿಡಿದು ದಾರಿ ಮುಚ್ಚಿ ನೀರು ನಿಧಾನವಾಗಿ ಸಿಹಿಯಾಯ್ತು, ಮೀನು ಅದಕ್ಕೇ ಹೊಂದ್ಕೊಂಡ್ತು. ಇಡೀ ಬಳಗದಲ್ಲಿ ಸಿಹಿನೀರಲ್ಲೇ ಜೀವನ ಕಳೆಯೋದು ಅದೊಂದೇ. ಈಗ ಅದೂ ಅಳಿವಿನಂಚಿನ ಪಟ್ಟಿಲಿದೆ.

ಆಫ್ರಿಕಾದ ಟ್ಯಾಂಗನೀಕಾ ಸರೋವರದಲ್ಲಿ ಕಪೆಂಟಾ ಅಂತ ಇನ್ನೊಂದು ದೂರದ ನೆಂಟ ಇದೆ. ಜಾಂಬೆಜಿ ನದಿಗೆ ಕಟ್ಟಿದ ಕರೀಬಾ ಅಣೆಕಟ್ಟಿನ ಹಿನ್ನೀರಿಗೆ 1960ರ ದಶಕದ ಕೊನೇಲಿ ಅದನ್ನ ತಂದು ಬಿಟ್ರು. ಅಲ್ಲಿ ಈಗ ರಾತ್ರಿ ದೀಪ ಹಾಕಿ ಕಪೆಂಟಾ ಹಿಡಿದು ಒಣಗಿಸಿ ಮಾರೋದೇ ದೊಡ್ಡ ಕಸುಬು.

ಗೊರೂರು ಗಾಳ · 6:14
ನೋಡಿದ್ರಾ ಮಂಜಣ್ಣ! ಕರೀಬಾದಲ್ಲಿ ಆಗೋದು ಗೊರೂರಲ್ಲಿ ಯಾಕಾಗಲ್ಲ?

ರಾಮನಾಥಪುರ ರಾಜಿ · 6:30
ದಯವಿಟ್ಟು ಬೇಡ. ಹೊರಗಿನ ಮೀನು ತಂದು ಬಿಟ್ಟು ಅನುಭವಿಸಿದ್ದು ಸಾಲದಾ? ತಿಲಾಪಿಯಾ ಎಲ್ಲಾ ಕೆರೆ ತುಂಬ್ಕೊಂಡಿದೆ. ಆಫ್ರಿಕನ್ ಕ್ಯಾಟ್‌ಫಿಶ್ ಸಾಕೋದನ್ನ ಸರ್ಕಾರ ನಿಷೇಧಿಸಿದ್ರೂ ಕದ್ದು ಸಾಕ್ತಾರೆ, ಹೊಂಡ ಒಡೆದ್ರೆ ಹೊಳೆಗೆ. ನಮ್ಮೂರ ಕಾವೇರಿ ಮಡುವಲ್ಲಿ ದೇವರ ಮೀನು ಅಂತ ಮಹಶೀರ್‌ಗೆ ಕಡ್ಲೆಪುರಿ ಹಾಕ್ತೀವಿ. ಹೊಳೆಲಿ ಉಳಿದಿರೋ ನಮ್ಮ ಮೀನುಗಳ ಬಾಯಿಂದ ಆಹಾರ ಕಿತ್ತು ಬೂತಾಯಿ ನೆಂಟನಿಗೆ ಹಾಕೋದು ಬೇಡ.

ಗೊರೂರು ಗಾಳ · 6:33
ಸರಿ ತಾಯಿ, ಕೇಳಿದ್ದಷ್ಟೇ.

ಕುದುರೆಮುಖ ಕಾವ್ಯ · 7:15
ಟಿವಿಲಿ ದಕ್ಷಿಣ ಆಫ್ರಿಕಾದ ಸಾರ್ಡೀನ್ ಓಟ ನೋಡಿದೀರಾ ಯಾರಾದ್ರೂ? ಡಾಲ್ಫಿನ್, ಶಾರ್ಕ್, ತಿಮಿಂಗಿಲ, ಮೇಲಿಂದ ಹಕ್ಕಿ. ಪಾಪದ ಮೀನು ಉಂಡೆ ಕಟ್ಕೊಂಡು ತಿರುಗ್ತಿರ್ತವೆ. ಯಾಕೆ ಅಲ್ಲಿಗೆ ಹೋಗ್ತವೆ ಸಾಯೋಕೆ?

ಮೀನ್ ಮೇಡಂ · 7:38
ನಮ್ಮ ಚಳಿಗಾಲಕ್ಕೆ ಉಲ್ಟಾ, ಅಲ್ಲಿ ಮೇ–ಜುಲೈ ಚಳಿ. ಆಗ ಪೂರ್ವ ಕರಾವಳಿ ಅಂಚಿನಲ್ಲಿ ತಣ್ಣೀರಿನ ಒಂದು ಪಟ್ಟಿ ತಾತ್ಕಾಲಿಕವಾಗಿ ಮೇಲಕ್ಕೆ ಚಾಚುತ್ತೆ. ಅದನ್ನ ಹಿಡ್ಕೊಂಡು ಮೀನು ಕ್ವಾಝುಲು ನಾಟಾಲ್ ಕಡೆ ಹೋಗ್ತವೆ. 2021ರಲ್ಲಿ ಡಿಎನ್ಎ ನೋಡಿದಾಗ ಗೊತ್ತಾಗಿದ್ದು, ಓಡೋ ಮೀನುಗಳಲ್ಲಿ ಹೆಚ್ಚಿನವು ಅಟ್ಲಾಂಟಿಕ್ ಕಡೆಯ ತಣ್ಣೀರಿಗೆ ಒಗ್ಗಿದ ಹಿಂಡಿನವು. ಅಲ್ಲಿಗೆ ಹೋಗಿ ಅವಕ್ಕೆ ಸಿಗೋದೇನೂ ಇಲ್ಲ. ತಣ್ಣೀರು ಅಂತ ನಂಬಿ ಹೋಗಿ ಬಿಸಿನೀರಿನ ಬೋನಿಗೆ ಬೀಳೋದು.

ಉಂಡೆ ಕಟ್ಟೋದು ಒಂದೊಂದು ಮೀನಿನ ಸ್ವಾರ್ಥ. ನಡುವೆ ನುಗ್ಗಿದ್ರೆ ನಾನು ಬಚಾವ್ ಅಂತ. ಮೈ ಬೆಳ್ಳಿ ಹೊಳಪೂ ಬರೀ ಚಂದಕ್ಕಲ್ಲ. ಚರ್ಮದಲ್ಲಿ ಎರಡು ಥರದ ಗ್ವಾನಿನ್ ಹರಳು ಇರೋದ್ರಿಂದ ಯಾವ ಕಡೆಯಿಂದ ನೋಡಿದ್ರೂ ಸುತ್ತಲಿನ ಬೆಳಕನ್ನೇ ವಾಪಸ್ ಕೊಡುತ್ತೆ, ಮೀನು ನೀರಲ್ಲಿ ಕರಗಿ ಹೋಗುತ್ತೆ.

ಆಲೂರು ಅಕ್ಕ · 8:02
ಮೇಡಂ, ಹೋದ ತಿಂಗಳು ಬೂತಾಯಿ ತಿಂದು ಅರ್ಧ ಗಂಟೆಲಿ ಮೈಯೆಲ್ಲ ಕೆಂಪಗಾಗಿ ತುರಿಕೆ, ತಲೆ ಸಿಡಿತ. ಇಷ್ಟು ವರ್ಷ ತಿಂದಿದೀನಿ, ಏನೂ ಆಗಿರ್ಲಿಲ್ಲ. ಮೀನೇ ಬಿಡ್ಬೇಕಾ?

ನರ್ಸ್ ನಳಿನಿ · 8:20
ಅಕ್ಕ, ಅದು ಅಲರ್ಜಿನೇ ಆಗಿರ್ಬೇಕು ಅಂತಿಲ್ಲ. ಬೂತಾಯಿ, ಬಂಗುಡೆ ಥರದ ಮೀನು ಐಸ್ ಇಲ್ಲದೆ ಬಿಸಿಲಲ್ಲಿ ಇದ್ರೆ ಬ್ಯಾಕ್ಟೀರಿಯಾ ಬೆಳೆದು ಹಿಸ್ಟಮಿನ್ ಆಗುತ್ತೆ. ಎಷ್ಟು ಕುದಿಸಿದ್ರೂ, ಹುರಿದ್ರೂ ಅದು ಹೋಗಲ್ಲ. ವಾಸನೆಲೂ ಯಾವಾಗ್ಲೂ ಗೊತ್ತಾಗಲ್ಲ. ಒಂದ್ಸಲ ಡಾಕ್ಟರಿಗೆ ತೋರಿಸಿ. ಉಸಿರಾಟಕ್ಕೆ ತೊಂದ್ರೆ ಆದ್ರೆ ಮಾತ್ರ ಕಾಯಬೇಡಿ, ತಕ್ಷಣ ಆಸ್ಪತ್ರೆ. ಘಾಟಿ ಬಂದ್ ಆಗಿ ಗಾಡಿ ಗಂಟೆಗಟ್ಟಲೆ ನಿಂತ ದಿನ ಬಂದ ಮೀನು ನಾನಂತೂ ತಗೊಳಲ್ಲ.

ಉಳಿದಂತೆ ಬೂತಾಯಿ ಒಳ್ಳೇದೇ. ಒಮೆಗಾ 3 ಇದೆ, ವಿಟಮಿನ್ ಡಿ ಇದೆ, ಮುಳ್ಳು ಸಮೇತ ಅಗಿದ್ರೆ ಕ್ಯಾಲ್ಸಿಯಂ. ಸಣ್ಣ ಆಯಸ್ಸು, ಪಾಚಿ ತಿನ್ನೋ ಮೀನು ಆದ್ರಿಂದ ದೊಡ್ಡ ಮೀನುಗಳ ಹಾಗೆ ಪಾದರಸ ಸೇರಲ್ಲ. ಯೂರಿಕ್ ಆಸಿಡ್ ಜಾಸ್ತಿ ಇರೋರು ಮಾತ್ರ ಹುಷಾರು.

ಬಾಳೆಹೊನ್ನೂರು ಅಜ್ಜ · 8:26
ಯೂರಿಕ್ ಆಸಿಡ್ ಅಂತ ಡಾಕ್ಟ್ರು ನನಗೂ ಹೇಳಿದಾರೆ. ಇದನ್ನ ನನ್ನ ಸೊಸೆಗೆ ಯಾರೂ ತೋರಿಸಬೇಡಿ.

ಹಾನುಬಾಳು ಹರಿ · 8:45
ಗಾಡಿ ಹತ್ರ ನಿಂತು ಇದು ಬೂತಾಯಿನೇನಾ, ತಾಜಾನಾ ಅಂತ ನೋಡೋದು ಹೇಗೆ ಅಂತ ಒಂದ್ಸಲ ಹೇಳಿಬಿಡಿ. ಕೆಲವು ಸಲ ಬೇರೆ ಏನೋ ಕೊಟ್ಟಂಗಿರುತ್ತೆ.

ಬಂದರ್ ಬಾಬು · 9:05
ಕಿವಿರಿನ ಮುಚ್ಚಳದ ಹಿಂದಂಚಿನಲ್ಲಿ ಒಂದು ಕಪ್ಪು ಚುಕ್ಕೆ, ಅದರ ಹಿಂದೆಯೇ ಮಾಸಲು ಬಂಗಾರದ ಬಣ್ಣದ ಒಂದು ಗುರುತು. ಮೈ ಉದ್ದ, ತಲೆಯೂ ಉದ್ದ. ಮೈ ಅಗಲವಾಗಿ ಚಪ್ಪಟೆ ಇದ್ದರೆ ಅದು ಬೇರೆ ಜಾತಿ ಸಾರ್ಡೀನ್. ತಿನ್ನಬಹುದು, ಆದರೆ ಮುಳ್ಳು ಹೆಚ್ಚು, ಎಣ್ಣೆ ಕಡಿಮೆ. ಹೊಟ್ಟೆಯ ಅಡಿ ಬಾಲದಿಂದ ತಲೆ ಕಡೆಗೆ ಬೆರಳು ಸವರಿದರೆ ಸಣ್ಣಗೆ ಚುಚ್ಚಬೇಕು. ತಾಜಾ ಮೀನಿನ ಹುರುಪೆ ಕೈಗೆ ಅಂಟಿಕೊಂಡು ಹೊಳೆಯುತ್ತದೆ. ಹುರುಪೆ ಎಲ್ಲ ಉದುರಿ, ಕಣ್ಣು ಕೆಂಪಾಗಿ, ಹೊಟ್ಟೆ ಒಡೆದಿದ್ದರೆ ಬಿಟ್ಟು ಬನ್ನಿ. ಪಾಚಿ ತಿನ್ನುವ ಮೀನಲ್ಲವೋ, ಹೊಟ್ಟೆ ತುಂಬಿದ್ದಾಗ ಹಿಡಿದದ್ದು ಬಹಳ ಬೇಗ ಒಡೆಯುತ್ತದೆ.

ಹಾನುಬಾಳು ಹರಿ · 9:12
ನಾನು ಹೀಗೆಲ್ಲ ಕಿವಿರು ಎತ್ತಿ ಬೆರಳು ಸವರಿ ನೋಡ್ತಾ ಕೂತ್ರೆ ಗಾಡಿಯವನು ಹಾರ್ನ್ ಹೊಡ್ಕೊಂಡು ಮುಂದಿನೂರಿಗೆ ಹೋಗಿರ್ತಾನೆ.

ಶಾಕಾಹಾರಿ ಶ್ಯಾಮ · 9:20
ಎಲ್ಲಾ ಓದಿದೆ. ಒಮೆಗಾ 3 ಮಾತ್ರೆಲೂ ಮೀನಿನೆಣ್ಣೆನೇ ಇರುತ್ತಾ? ನಮ್ಮಮ್ಮನಿಗೆ ಡಾಕ್ಟ್ರು ಬರೆದುಕೊಟ್ಟಿದಾರೆ.

ನರ್ಸ್ ನಳಿನಿ · 9:24
ಹೆಚ್ಚಿನವು ಹೌದು. ಪಾಚಿಯಿಂದ ತೆಗೆದದ್ದೂ ಸಿಗುತ್ತೆ, ಮೆಡಿಕಲ್‌ನಲ್ಲಿ ಕೇಳಿ ಬದಲಾಯಿಸ್ಕೊಳ್ಳಿ. ಅಮ್ಮನಿಗೆ ಈಗಲೇ ಹೇಳೋಕ್ ಹೋಗ್ಬೇಡಿ.